ಯೂರ್ಗಿಸ್ ಮತ್ತು ನಮ್ಮ ಚಿಕ್ಕಮ್ಮನ ಹೆಬ್ಬೆರಳು

ಮೊನ್ನೆ ಚಿಕ್ಕಮ್ಮನ ಜೊತೆ ರೇಷನ್ ಅಂಗಡಿಗೆ ಹೋಗಿದ್ದೆ. ಮಷಿನ್ ಮೇಲೆ ಬಲಗೈ ಹೆಬ್ಬೆರಳು ಇಟ್ಟರು, ತಗೊಳ್ಳಲಿಲ್ಲ. ಸೆರಗಿಗೆ ಒರೆಸಿ ಮತ್ತೆ ಇಟ್ಟರು. ಎಡಗೈ ಇಟ್ಟರು. ಹತ್ತೂ ಬೆರಳು ಮುಗಿಯಿತು. ಹಿಂದೆ ಸಾಲು ಉದ್ದ ಆಗ್ತಾ ಇತ್ತು. "ನಾಲ್ಕು ದಿನ ಕೆಲಸಕ್ಕೆ ರಜೆ ಹಾಕಿ ಬನ್ನಿ ಅಕ್ಕ, ಆಗ ತಗೊಳ್ತದೆ" ಅಂದರು ಅಂಗಡಿಯವರು.

ಚಿಕ್ಕಮ್ಮ ಹನ್ನೊಂದು ವರ್ಷದಿಂದ ನಮ್ಮ ಕರಾವಳಿಯ ಒಂದು ಮೀನು ಫ್ಯಾಕ್ಟರಿಯಲ್ಲಿ ಸಿಗಡಿ ಸುಲಿಯುತ್ತಾರೆ. ಇಡೀ ದಿನ ಐಸ್ ನೀರಲ್ಲಿ ಕೈ. ಬೆರಳ ತುದಿ ಬಿಳುಚಿ, ಚರ್ಮ ಸುಲಿದು, ಗೆರೆಗಳೇ ಅಳಿಸಿಹೋಗಿವೆ.

ಇದನ್ನು ಗೆಳೆಯರ ಗ್ರೂಪಿನಲ್ಲಿ ಹೇಳಿದೆ. ಬಂದ ಮೊದಲ ಪ್ರಶ್ನೆ: "ಅಯ್ಯೋ, ಅಲ್ಲಿ ಕ್ಲೀನ್ ಇರುತ್ತಾ? ಆ ಸಿಗಡಿ ತಿನ್ನಬಹುದಾ?" ಕೇಳಿದವಳು ಒಳ್ಳೆಯವಳು, ನನಗೆ ಬೇಕಾದವಳು. ಆದರೂ ಆ ರಾತ್ರಿ ನಿದ್ದೆ ಬರಲಿಲ್ಲ. ಎದ್ದು ಕೂತು, ಕಾಲೇಜಿನ ದಿನಗಳಲ್ಲಿ ಓದಿದ್ದ ಒಂದು ಕಾದಂಬರಿಯನ್ನು ಮತ್ತೆ ತೆಗೆದೆ.

ಅಪ್ಟನ್ ಸಿಂಕ್ಲೇರ್ ಬರೆದ 'ದಿ ಜಂಗಲ್'. 1904ರ ಕೊನೆಯಲ್ಲಿ ಈ ಇಪ್ಪತ್ತಾರು ವರ್ಷದ ಹುಡುಗ ಶಿಕಾಗೋಗೆ ಹೋದ. ಅಲ್ಲಿನ ಮಾಂಸದ ಕಾರ್ಖಾನೆಗಳ ಕಾರ್ಮಿಕರು ಮುಷ್ಕರ ಹೂಡಿ ಸೋತು ಸುಸ್ತಾಗಿದ್ದ ಕಾಲ ಅದು. ಏಳು ವಾರ ಅವರ ನಡುವೆ ಇದ್ದ. ಹಳೇ ಬಟ್ಟೆ, ಕೈಯಲ್ಲೊಂದು ಊಟದ ಡಬ್ಬಿ. ಅಷ್ಟೇ ಸಾಕಾಯಿತು. ಡಬ್ಬಿ ಹಿಡಿದವನು ಕೂಲಿಯವನೇ ಅಂದುಕೊಂಡು ಯಾರೂ ತಡೆಯಲಿಲ್ಲ. ಬರೆದದ್ದು 1905ರಲ್ಲಿ ಒಂದು ಸಮಾಜವಾದಿ ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂತು. 1906ರ ಫೆಬ್ರವರಿಯಲ್ಲಿ ಪುಸ್ತಕ ಆಯಿತು.

ಕಥೆ ಯೂರ್ಗಿಸ್ ಎಂಬ ಲಿಥುವೇನಿಯಾದ ಹಳ್ಳಿ ಹುಡುಗನದ್ದು. ಗಟ್ಟಿ ಆಳು. ಏನೇ ಕಷ್ಟ ಬಂದರೂ "ಇನ್ನೂ ಜಾಸ್ತಿ ದುಡಿತೀನಿ" ಅನ್ನುವವನು. ದುಡಿಯಲು ಬಂದ ಶಿಕಾಗೋ ಅವನ ಅಪ್ಪನನ್ನು, ಹೆಂಡತಿ ಓನಾಳನ್ನು, ಕೊನೆಗೆ ರಸ್ತೆಯಲ್ಲಿ ನಿಂತ ನೀರಲ್ಲಿ ಮುಳುಗಿದ ಪುಟ್ಟ ಮಗನನ್ನೂ ನುಂಗುತ್ತದೆ. ಒಂದು ಕಡೆ ಕತ್ತಿ ಹಿಡಿದು ಕೆಲಸ ಮಾಡುವವರ ಕೈಯ ವರ್ಣನೆ ಬರುತ್ತದೆ. ಹೆಬ್ಬೆರಳಿನ ಬುಡ ಮತ್ತೆ ಮತ್ತೆ ಕೊಯ್ದು ಕೊಯ್ದು, ಅದು ಬರೀ ಮಾಂಸದ ಮುದ್ದೆ ಆಗಿಬಿಟ್ಟಿರುತ್ತದೆ. ಕತ್ತಿಯನ್ನು ಒತ್ತಿ ಹಿಡಿಯಲು ಅದು ಆಸರೆ, ಅಷ್ಟೇ. ದನದ ಚರ್ಮ ಎಳೆದೂ ಎಳೆದೂ ಉಗುರೇ ಉಳಿದಿರುವುದಿಲ್ಲ. ಆ ಸಾಲು ಮೊದಲ ಸಲ ಓದಿದಾಗ ಹಾಗೇ ದಾಟಿ ಹೋಗಿದ್ದೆ. ಈ ಸಲ ಅಲ್ಲೇ ನಿಂತುಬಿಟ್ಟೆ.

ಕೊಳೆತ ಮಾಂಸ, ವಿಷ ತಿಂದು ಸತ್ತ ಇಲಿಗಳೂ ಸೇರಿ ಸಾಸೇಜ್ ಆಗುವುದು, ಇವೆಲ್ಲ ಇಡೀ ಪುಸ್ತಕದಲ್ಲಿ ಕೆಲವೇ ಪುಟ. ಆದರೆ ಅಮೆರಿಕದ ಜನ ಓದಿ ಬೆಚ್ಚಿದ್ದು ಆ ಪುಟಗಳನ್ನೇ. ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್, ಚಾರ್ಲ್ಸ್ ನೀಲ್ ಮತ್ತು ಜೇಮ್ಸ್ ರೆನಾಲ್ಡ್ಸ್ ಎಂಬಿಬ್ಬರನ್ನು ತನಿಖೆಗೆ ಕಳಿಸಿದ. ಹೊಲಸಿನ ಬಗ್ಗೆ ಕಾದಂಬರಿ ಹೇಳಿದ್ದು ಬಹುಪಾಲು ನಿಜ ಅಂತ ಅವರೂ ವರದಿ ಕೊಟ್ಟರು. 1906ರ ಜೂನ್ 30ರಂದು ಒಂದೇ ದಿನ ಎರಡು ಕಾನೂನಿಗೆ ಸಹಿ ಬಿತ್ತು. ಒಂದು ಮಾಂಸ ತಪಾಸಣೆಗೆ, ಇನ್ನೊಂದು ಆಹಾರ ಮತ್ತು ಔಷಧಿಯ ಶುದ್ಧತೆಗೆ. ಪುಸ್ತಕ ಬಂದು ಐದು ತಿಂಗಳೂ ಆಗಿರಲಿಲ್ಲ! ಶುದ್ಧ ಆಹಾರದ ಕಾನೂನಿಗಾಗಿ ಹಾರ್ವೆ ವೈಲಿ ಎಂಬ ಸರ್ಕಾರಿ ರಸಾಯನ ವಿಜ್ಞಾನಿ, ಹೆಂಗಸರ ಸಂಘಗಳು ವರ್ಷಗಟ್ಟಲೆ ಗುದ್ದಾಡಿದ್ದರು. ಅವರ ದುಡಿಮೆ ಇಲ್ಲದಿದ್ದರೆ ಇದಾಗುತ್ತಿರಲಿಲ್ಲ. ಆದರೂ ಮುಚ್ಚಿದ ಬಾಗಿಲು ಒದ್ದು ತೆಗೆದದ್ದು ಈ ಕಥೆಯೇ.

ಅದೇ ವರ್ಷ ಏಪ್ರಿಲ್‌ನಲ್ಲಿ ರೂಸ್‌ವೆಲ್ಟ್ ಒಂದು ಭಾಷಣದಲ್ಲಿ ಇಂಥ ಬರಹಗಾರರನ್ನು ಗೊಬ್ಬರ ಕೆದಕುವ ಹಲ್ಲುಕುಂಟೆಯವರು ಅಂತ ಕರೆದ. ಕಣ್ಣೆತ್ತಿ ಮೇಲೆ ನೋಡದವರು ಅನ್ನುವ ದೂರು. ಅವರಿಗೆ ಆ ಹೆಸರೇ ಉಳಿಯಿತು. ನನಗೆ ಈ ದೂರು ಒಪ್ಪಿಗೆ ಇಲ್ಲ. ತಿನ್ನುವವರು, ಮಾರುವವರು, ಆಳುವವರು ಯಾರೂ ಕೆಳಗೆ ನೋಡದಿದ್ದಾಗ ಬರೆಯುವವರಾದರೂ ನೋಡಬೇಕಲ್ವಾ?

ಇನ್ನು ಕಾರ್ಮಿಕರ ವಿಷಯ. ಯಾರಿಗಾಗಿ ಪುಸ್ತಕ ಬರೆದನೋ ಅವರಿಗೆ ಆ ಎರಡು ಕಾನೂನಿನಲ್ಲಿ ಏನೂ ಇರಲಿಲ್ಲ. ಕೂಲಿ ಇಲ್ಲ, ಕೆಲಸದ ಹೊತ್ತಿಗೆ ಮಿತಿ ಇಲ್ಲ, ಹೆಬ್ಬೆರಳಿನ ಮಾತೇ ಇಲ್ಲ. ತಪಾಸಣೆಯ ಖರ್ಚು ಕೂಡ ಕಂಪನಿಗಳ ಮೇಲೆ ಬೀಳಲಿಲ್ಲ. ವರ್ಷಕ್ಕೆ 30 ಲಕ್ಷ ಡಾಲರ್ ಸರ್ಕಾರವೇ ಕೊಟ್ಟಿತು. ಸಂಘ ಕಟ್ಟುವ ಹಕ್ಕಿಗೆ ದೇಶಮಟ್ಟದ ಗಟ್ಟಿ ಕಾನೂನು ಬಂದದ್ದು 1935ರಲ್ಲಿ, ಕನಿಷ್ಠ ಕೂಲಿಗೆ ಮತ್ತು ಮಕ್ಕಳ ದುಡಿಮೆ ತಡೆಯಲು 1938ರಲ್ಲಿ. ನಾನು ಗುರಿ ಇಟ್ಟದ್ದು ಜನರ ಎದೆಗೆ, ತಾಗಿದ್ದು ಹೊಟ್ಟೆಗೆ ಅಂತ ಸಿಂಕ್ಲೇರ್ ಆಮೇಲೆ ನೊಂದು ಹೇಳಿಕೊಂಡ.

ತಪ್ಪು ಅವನದ್ದೂ ಇದೆ. ಕೊನೆಯ ಅಧ್ಯಾಯಗಳು ಬರೀ ಭಾಷಣ, ಯೂರ್ಗಿಸ್ ಸುಮ್ನೆ ಕೂತು ಕೇಳುತ್ತಾನೆ. ಮುಷ್ಕರ ಮುರಿಯಲು ಕರೆತಂದ ಕಪ್ಪು ಜನರ ಬಗ್ಗೆ ಅವನು ಬರೆದದ್ದಂತೂ ಓದಲಾಗದಷ್ಟು ತುಚ್ಛವಾಗಿದೆ. ಬಡವನ ಕಣ್ಣೀರು ಕಂಡವನಿಗೆ ಇನ್ನೊಬ್ಬ ಬಡವ ಮನುಷ್ಯನಾಗಿ ಕಾಣಲಿಲ್ಲ. ಆದರೆ ಹೆಚ್ಚಿನ ತಪ್ಪು ಓದಿದವರದ್ದು ಅಂತಲೇ ನನಗನಿಸುತ್ತದೆ. ಹೆಬ್ಬೆರಳಿನ ಪುಟವೂ ಅದೇ ಪುಸ್ತಕದಲ್ಲಿತ್ತು. ನನ್ನ ಹಾಗೇ ಅವರೂ ದಾಟಿ ಹೋದರು.

ಹಾಗಂತ ಇಂಥ ಕಥೆಗಳಿಂದ ಏನೂ ಆಗದು ಅಂತ ನಾನು ಹೇಳುವುದಿಲ್ಲ. ನಮ್ಮ ಮಂಗಳೂರನ್ನೇ ನೋಡಿ. ವಿಧವೆಯರ ಮರುಮದುವೆಗೆ ಕಾನೂನು ಒಪ್ಪಿದ್ದು 1856ರಲ್ಲಿ. ಮನೆಗಳ ಒಳಗೆ ಏನೂ ಬದಲಾಗಿರಲಿಲ್ಲ. 43 ವರ್ಷ ಆದ ಮೇಲೆ, 1899ರಲ್ಲಿ, ಗುಲ್ವಾಡಿ ವೆಂಕಟರಾಯರು 'ಇಂದಿರಾಬಾಯಿ' ಎಂಬ ಕಾದಂಬರಿ ಬರೆದರು. ಬಾಲವಿಧವೆ ಇಂದಿರೆ ಮನೆ ಬಿಟ್ಟು ಹೊರಡುತ್ತಾಳೆ, ಓದುತ್ತಾಳೆ, ಮದುವೆಯಾಗುತ್ತಾಳೆ. ತಮ್ಮದೇ ಸಮಾಜದ ದೊಡ್ಡವರ ಬೂಟಾಟಿಕೆಯನ್ನು ರಾಯರು ಮುಲಾಜಿಲ್ಲದೆ ಬಯಲಿಗೆಳೆದರು. ಶಿಕಾಗೋದಲ್ಲಿ ಕಥೆ ಕಾನೂನು ತಂದಿತು. ಇಲ್ಲಿ ಕಾನೂನು ಹೋಗಲಾಗದ ಅಡುಗೆಮನೆಗೆ ಕಥೆ ಹೋಗಿತ್ತು. ನನಗೆ ಈ ಎರಡನೆಯದು ಇನ್ನೂ ದೊಡ್ಡ ಕೆಲಸ ಅನಿಸುತ್ತದೆ.

ನಾನೂ ಒಂದು ಕಥೆ ಬರೆಯಲು ಕೂತಿದ್ದೇನೆ. ಚಿಕ್ಕಮ್ಮನಿಗೆ ಹೇಳಿದೆ. ಅವರಿಗೆ ಗಾಬರಿಯಾಯಿತು. "ಸಿಗಡಿ ಹಾಳು ಅಂತ ಬರೀಬೇಡ ಮಗಾ. ಜನ ತಗೊಳ್ಳೋದು ನಿಲ್ಲಿಸಿದರೆ ಫ್ಯಾಕ್ಟರಿ ಮುಚ್ತದೆ, ನಾವೆಲ್ಲಿಗೆ ಹೋಗೋದು?" ಅಂದರು. ಒಂದು ಶಬ್ದವೂ ಹಾಗೆ ಬರೆಯಲ್ಲ ಅಂತ ಮಾತು ಕೊಟ್ಟೆ. ಸ್ವಲ್ಪ ಹೊತ್ತು ಸುಮ್ಮನಿದ್ದು, ಕೈಗೆ ಕೊಬ್ಬರಿ ಎಣ್ಣೆ ಹಚ್ಚಿಕೊಳ್ಳುತ್ತಾ ಕೇಳಿದರು: "ಮತ್ತೆ ಏನು ಬರೀತೀ? ಕೈದಾ?"