ದಾನಿ ಗ್ವೀಸಾನನ್ನು ಅಷ್ಟು ಸುಲಭವಾಗಿ ತಳ್ಳಿಹಾಕಬೇಡಿ

ನಿಮ್ಮ ಲೇಖನದಲ್ಲಿ ಸ್ಪೇನ್‌ನ ಫುಟ್‌ಬಾಲ್ ಸ್ಟ್ರೈಕರ್ ಗ್ವೀಸಾ ಬಗ್ಗೆ 'ಒಂದೇ ಸೀಸನ್‌ನ ಹೀರೊ' ಅಂತ ಬರೆದಿದ್ದೀರಿ. ಪೂರ್ತಿ ಒಪ್ಪಲಾರೆ. 2007-08ರಲ್ಲಿ ಮಯೋರ್ಕಾ ಕ್ಲಬ್ ಪರ 27 ಗೋಲು ಹೊಡೆದು ಸ್ಪೇನ್‌ನ ಅಗ್ರ ಲೀಗ್ ಲಾ ಲಿಗಾದ ಟಾಪ್ ಸ್ಕೋರರ್ ಆದ, ನಿಜ. ಆದರೆ ಅದಕ್ಕೂ ಮೊದಲು ಸಿಯುದಾದ್ ದೆ ಮುರ್ಸಿಯಾದಂಥ ಎರಡನೇ ದರ್ಜೆಯ ಕ್ಲಬ್‌ನಲ್ಲಿ ಬೆವರು ಸುರಿಸಿ, ಗೆತಾಫೆ ಕ್ಲಬ್ ಮೂಲಕ ಮೇಲೆ ಬಂದವನು. ಸುಮ್ನೆ ಸಿಕ್ಕಿದ ಅದೃಷ್ಟವಾ ಅದು? ಯುರೋಪಿಯನ್ ಚಾಂಪಿಯನ್‌ಷಿಪ್ ಯುರೋ 2008ರಲ್ಲಿ ಸ್ಪೇನ್ ತಂಡದ ಮುಂಚೂಣಿಯಲ್ಲಿ ಟೊರೆಸ್, ವಿಯಾ ಇದ್ದಾಗ ಆಡಲು ಸಿಕ್ಕಿದ್ದೇ ಕಡಿಮೆ. ಆದರೂ ಗ್ರೀಸ್ ವಿರುದ್ಧ ಗೆಲುವಿನ ಗೋಲು, ಸೆಮಿಫೈನಲ್‌ನಲ್ಲಿ ಬದಲಿಯಾಗಿ ಬಂದು ರಷ್ಯಾ ವಿರುದ್ಧ ಇನ್ನೊಂದು!

ಟರ್ಕಿಯ ಫೆನೆರ್ಬಾಚೆ ಕ್ಲಬ್‌ನಲ್ಲಿ ನಿರೀಕ್ಷೆಯಷ್ಟು ಮಿಂಚಲಿಲ್ಲ, ಅದು ಸರಿ. ಆಮೇಲೆ ಮಲೇಷ್ಯಾದ ಜೊಹೋರ್, ಪರಾಗ್ವೆಯ ಸೆರ್ರೊ ಪೋರ್ಟೆನ್ಯೊ, ಮತ್ತೆ ತವರಿನ ಹತ್ತಿರದ ಕಾದಿಸ್. ಯುರೋ ಪದಕ ಗೆದ್ದವನು ಕೆಳಗಿನ ದರ್ಜೆಗೂ ನಾಚಿಕೆಯಿಲ್ಲದೆ ಇಳಿದು ಆಡಿದ. ನನಗೆ ಇಷ್ಟವಾಗೋದು ಅದೇ. ಲೇಖನದಲ್ಲಿ ಅದಕ್ಕೆ ಒಂದೇ ಸಾಲಾ?