ಅರ್ಥ ಆಗತ್ತೆ, ಮಾತಾಡೋಕೆ ಬರಲ್ಲ

ಬೆಂಗಳೂರಲ್ಲಿ ಯಾರನ್ನ ಕೇಳಿದ್ರೂ ನಾಲ್ಕೈದು ಭಾಷೆ ಬರತ್ತೆ ಅಂತಾರೆ, ಸ್ವಲ್ಪ ಕೆದಕಿ ನೋಡಿ, ಅದ್ರಲ್ಲಿ ಎರಡು ಮೂರು "ಅರ್ಥ ಆಗತ್ತೆ, ಮಾತಾಡೋಕೆ ಬರಲ್ಲ" ಪೈಕಿ. ನನ್ನ ತಮಿಳು ಅದೇ ಕೇಸು. ಹಲಸೂರಲ್ಲಿ ಮನೆ, ಹುಟ್ಟಿದಾಗಿಂದ ಕಿವಿಗೆ ಬೀಳ್ತಾನೇ ಇದೆ, ಊರ್ವಶಿ ಥಿಯೇಟರಲ್ಲಿ ಹೀರೋ ಪುಟಗಟ್ಲೆ ಡೈಲಾಗ್ ಹೊಡೆದ್ರೂ ಒಂದೂ ಮಿಸ್ ಆಗಲ್ಲ, ಅದೇ ಪಕ್ಕದ ಮನೆ ತಮಿಳು ಅಜ್ಜಿ "ಸಾಪ್ಟಿಯಾ ಮಾ", ಊಟ ಆಯ್ತಾ ಅಂದ್ರೆ ಸುಮ್ನೆ ತಲೆ ಆಡಿಸ್ತೀನಿ.

ಇದು ಬರೀ ನಮ್ಮೂರಿನ ಕಥೆ ಅಲ್ಲ. ಕೆನಡಾದಲ್ಲಿ ಇಂಗ್ಲಿಷ್ ಮನೆಮಾತಿನ ಮಕ್ಕಳನ್ನ ಪೂರ್ತಿ ಫ್ರೆಂಚಲ್ಲೇ ಪಾಠ ಮಾಡೋ ಕ್ಲಾಸಿಗೆ ಹಾಕಿದ್ರು, ವರ್ಷಗಟ್ಲೆ. ಕೇಳಿ ತಿಳ್ಕೊಳ್ಳೋದ್ರಲ್ಲಿ ಫ್ರೆಂಚ್ ಮಕ್ಕಳಿಗೆ ಹತ್ತತ್ರ ಬಂದ್ರು, ಮಾತು ಬರವಣಿಗೆ ಮಾತ್ರ ಹಿಂದೇ ಉಳೀತು. ಕಿವಿಗೆ ಬಿದ್ರೆ ಸಾಲದು, ಬಾಯಿಂದ ಹೊರಡಿಸೋ ಪ್ರಸಂಗ ಬರ್ಬೇಕು ಅಂತ ಭಾಷಾ ಕಲಿಕೆಯ ಸಂಶೋಧಕಿ ಮೆರಿಲ್ ಸ್ವೇನ್ 1985ರಲ್ಲಿ ವಾದ ಮಾಡಿದ್ದು ಇದನ್ನ ನೋಡೇ.

ಈಗ ಭಾಷೆ ಕಲಿಯೋಕೆ ಎಲ್ಲರ ಫೋನಲ್ಲೂ ಕಾರ್ಡ್ ತಿರುಗಿಸೋ ಆ್ಯಪ್ ಇದೆ, ಒಂದು ಕಡೆ ಪದ, ಹಿಂದೆ ಅರ್ಥ. ಮೂಲ ಐಡಿಯಾ ಹಳೇದು, 1970ರ ದಶಕದಲ್ಲಿ ಜರ್ಮನಿಯ ಸೆಬಾಸ್ಟಿಯನ್ ಲೈಟ್ನರ್ ರಟ್ಟಿನ ಡಬ್ಬಿ ಇಟ್ಕೊಂಡು ಹೇಳಿಕೊಟ್ಟಿದ್ದು: ನೆನಪಾದ ಕಾರ್ಡು ಮುಂದಿನ ಖಾನೆಗೆ, ಅಂದ್ರೆ ನಿಧಾನಕ್ಕೆ ವಾಪಸ್ ಬರತ್ತೆ, ಮರೆತದ್ದು ಮತ್ತೆ ಮೊದಲನೇ ಖಾನೆಗೆ. ಒಳ್ಳೇದೇ. ಆದ್ರೆ ಸುಮಾರು ಜನ ತಮಿಳು ಪದ ನೋಡಿ ಕನ್ನಡದಲ್ಲಿ ಅರ್ಥ ಹೇಳ್ಕೊಂಡು ಖುಷಿಪಡ್ತಾರೆ, ಅದು ಗುರುತು ಹಿಡಿಯೋದು ಅಷ್ಟೆ, ಕಾರ್ಡ್ ಉಲ್ಟಾ ಹಿಡ್ಕೊಂಡು ಕನ್ನಡ ನೋಡಿ ತಮಿಳು ಜೋರಾಗಿ ಹೇಳಿ ನೋಡ್ಲಿ, ಎಷ್ಟು ಪದ ಕೈಕೊಡತ್ತೆ ಅಂತ ಗೊತ್ತಾಗತ್ತೆ.

ನಮ್ಮ ಬಿಲ್ಡಿಂಗಲ್ಲಿ ಲಕ್ನೋ ಕಡೆ ಹುಡುಗ ಒಬ್ಬ ಹಾಗೇ ಮಾಡ್ತಾನೆ, ಲಿಫ್ಟಲ್ಲಿ ಒಬ್ಬನೇ ಕನ್ನಡ ಗೊಣಗ್ತಾ ಇರ್ತಾನೆ. ಬೆಳಿಗ್ಗೆ ತರಕಾರಿ ಗಾಡಿ ಹತ್ರ ಬಂದು ಪಾಪ ಪೂರ್ತಿ ತಯಾರಿ ಮಾಡ್ಕೊಂಡು "ಅಣ್ಣ, ಟೊಮೆಟೊ ಕೆಜಿ ಎಷ್ಟು?" ಅಂದ್ರೆ ಆ ಕಡೆಯಿಂದ "ಚಾಲೀಸ್ ಸಾಬ್" ಅಂತ ಬರತ್ತೆ, ಅಲ್ಲಿಗೆ ಕನ್ನಡ ಕ್ಲೋಸ್. ಕನ್ನಡ ಕಲಿಯಲ್ಲ ಅಂತ ಬೈಯೋದೂ ನಾವೇ, ಕಲಿಯೋಕೆ ಬಂದವರಿಗೆ ಒಂದು ವಾಕ್ಯ ಮುಗಿಸೋಕೂ ಬಿಡದೆ ಅವರ ಭಾಷೆಗೆ ಹಾರೋದೂ ನಾವೇ, ಅದೇನು ಉಪಚಾರಾನೋ. ತಡೀಲಾರದೆ ಒಂದಿನ ಗಾಡಿಯವರಿಗೇ ಹೇಳ್ದೆ, "ಅಣ್ಣ, ಆ ಹುಡುಗನ ಹತ್ರ ಕನ್ನಡದಲ್ಲೇ ಮಾತಾಡಿ, ಕಲೀತಿದಾನೆ."

"ಆಮೇಲೆ ನಂಗೆ ಹಿಂದಿ ಪ್ರಾಕ್ಟೀಸ್ ಯಾರು ಕೊಡ್ತಾರೆ ಮೇಡಂ?" ಅಂದ್ರು.

ಅದೂ ಸರಿನೇ. ಮೊದಲು ಗಿರಾಕಿ ಹಿಂದಿ ಮಾತಾಡಿದ್ರೆ ಬೆರಳು ತೋರಿಸಿ ವ್ಯಾಪಾರ ಮಾಡ್ತಿದ್ದ ಮನುಷ್ಯ, ಈಗ ಬೆಂಡೆಕಾಯಿ ತುದಿ ಮುರಿದು ನೋಡೋರಿಗೆ ಹಿಂದೀಲೇ ಬೈತಾರೆ.