ಕಾಪಿ ಹೊಡೆದದ್ದು ನಿಜ, ಆಮೇಲೇನಾಯ್ತು?

ಹಳೇ ಕ್ಯಾಮೆರಾಗಳ ಮಾತೆತ್ತಿದರೆ ಸಾಕು, ಯಾರಾದರೊಬ್ಬರು ಅದೇ ರಾಗ ಎಳೆಯುತ್ತಾರೆ: ಜರ್ಮನ್ನರು ಕಂಡುಹಿಡಿದರು, ಜಪಾನೀಯರು ಕಾಪಿ ಹೊಡೆದರು. ಅರ್ಧ ಕಥೆ ಇದು. ನನಗೆ ರುಚಿಸುವುದು ಉಳಿದರ್ಧ.

1948ರ ಮೊದಲ ನಿಕಾನ್ ನೋಡಿ. ಮೈಕಟ್ಟು ಜರ್ಮನಿಯ ಝೈಸ್ ಇಕಾನ್ ಕಂಪನಿಯ ಕಾಂಟ್ಯಾಕ್ಸ್ ಕ್ಯಾಮೆರಾದ್ದು, ಸರಿ. ಆದರೆ ಕಾಂಟ್ಯಾಕ್ಸ್‌ನ ಲೋಹದ ಶಟರ್ (ಫಿಲ್ಮಿಗೆ ಬೆಳಕು ಬಿಡುವ ಪರದೆ) ತೀರಾ ಜಟಿಲ. ಅದನ್ನು ಬಿಟ್ಟು ಇನ್ನೊಂದು ಜರ್ಮನ್ ಕ್ಯಾಮೆರಾ ಲೈಕಾದ ಮಾದರಿಯ ಸರಳ ಬಟ್ಟೆ ಶಟರ್ ಹಾಕಿಕೊಂಡರು. ಕಣ್ಣುಮುಚ್ಚಿ ನಕಲು ಮಾಡುವವನಿಗೆ ಯಾವುದನ್ನು ಬಿಡಬೇಕು ಅನ್ನೋದು ಹೊಳೆಯುತ್ತದೆಯೇ? ಅತ್ತ ಜರ್ಮನಿಯ ಪಾಡೇನು? ಕಾಂಟ್ಯಾಕ್ಸ್‌ನ ತವರು ಡ್ರೆಸ್ಡೆನ್ ಸೋವಿಯತ್ ಪಾಲಾಗಿತ್ತು, ಯುದ್ಧ ಪರಿಹಾರದ ಲೆಕ್ಕದಲ್ಲಿ ಕಾಂಟ್ಯಾಕ್ಸ್ ತಯಾರಿಕೆಯೇ ಕೀವ್‌ಗೆ ಹೋಯಿತು. 1950ರಲ್ಲಿ ಟೋಕಿಯೋದಲ್ಲಿದ್ದ ಲೈಫ್ ಪತ್ರಿಕೆಯ ಫೋಟೋಗ್ರಾಫರ್ ಡೇವಿಡ್ ಡಗ್ಲಾಸ್ ಡಂಕನ್ ನಿಕಾನ್‌ನವರ ನಿಕ್ಕೋರ್ ಲೆನ್ಸಿಗೆ ಮನಸೋತರು. ಅದನ್ನೇ ಹಿಡಿದು ಕೊರಿಯಾ ಯುದ್ಧಕ್ಕೆ ಹೊರಟಾಗ ಅಮೆರಿಕದ ಫೋಟೋಗ್ರಾಫರುಗಳ ಕಣ್ಣು ಜಪಾನಿನತ್ತ ತಿರುಗಿತು.

1954ರಲ್ಲಿ ಲೈಕಾ ಎಂ3 ಬಂತು. ರೇಂಜ್‌ಫೈಂಡರ್‌ನಲ್ಲಿ, ಅಂದರೆ ಲೆನ್ಸಿನ ಬದಲು ಬೇರೆ ಕಿಂಡಿಯಲ್ಲಿ ನೋಡಿ ಫೋಕಸ್ ಮಾಡುವ ಕ್ಯಾಮೆರಾಗಳಲ್ಲಿ, ಅದನ್ನು ಮೀರಿಸುವುದು ಆಗದ ಮಾತು. ಜಪಾನೀಯರು ಎಸ್‌ಎಲ್‌ಆರ್ ಕಡೆ, ಅಂದರೆ ಕನ್ನಡಿಯ ಮೂಲಕ ಲೆನ್ಸಿನಲ್ಲೇ ನೋಡುವ ಕ್ಯಾಮೆರಾ ಕಡೆ, ಹೊರಳಿದರು, 1959ಕ್ಕೆ ನಿಕಾನ್ ಎಫ್ ಬಂತು. ತಮಾಷೆ ಏನೆಂದರೆ 35 ಎಂಎಂ ಎಸ್‌ಎಲ್‌ಆರ್ ಕೂಡ ಡ್ರೆಸ್ಡೆನ್‌ಗೆ ಹೊಸದಲ್ಲ, ಎಕ್ಸಾಕ್ಟಾ 1936ರಲ್ಲೇ ಮಾರುಕಟ್ಟೆಗೆ ಬಂದಿತ್ತು. ಪಶ್ಚಿಮ ಜರ್ಮನಿಯ ಝೈಸ್ ಇಕಾನ್ ಮಾಡಿದ ಕಾಂಟಾರೆಕ್ಸ್ ಅದ್ಭುತ ಯಂತ್ರವೇ, ಆದರೆ ಕಲ್ಲಿನಷ್ಟು ಭಾರ, ಬೆಲೆಯೂ ಕೈಗೆಟುಕದ್ದು. 1972ರ ಹೊತ್ತಿಗೆ ಆ ಕಂಪನಿ ಕ್ಯಾಮೆರಾ ಮಾಡುವುದನ್ನೇ ನಿಲ್ಲಿಸಿತು.

ನನಗೆ ಜರ್ಮನ್ನರ ಮೇಲೆ ಗೌರವ ಹೆಚ್ಚಾಗೋದು ಇಲ್ಲಿಂದ ಮುಂದೆ. ಬಿಗುಮಾನ ಬದಿಗಿಟ್ಟು ಟೋಕಿಯೋ, ಒಸಾಕಾಗಳ ಬಾಗಿಲು ತಟ್ಟಿದರು. ಲೈಕಾ ತಯಾರಿಸುತ್ತಿದ್ದ ಲೈಟ್ಸ್ ಕಂಪನಿ ಜಪಾನಿನ ಮಿನೋಲ್ಟಾ ಜೊತೆ ಒಪ್ಪಂದ ಮಾಡಿಕೊಂಡಿತು, 1973ರ ಲೈಕಾ ಸಿಎಲ್ ತಯಾರಾದದ್ದು ಮಿನೋಲ್ಟಾ ಕಾರ್ಖಾನೆಯಲ್ಲಿ. 1975ರ ಕಾಂಟ್ಯಾಕ್ಸ್ ಆರ್‌ಟಿಎಸ್‌ನ ಲೆನ್ಸ್ ವಿನ್ಯಾಸ ಜರ್ಮನಿಯ ಲೆನ್ಸ್ ಕಂಪನಿ ಝೈಸ್‌ನದು, ಹೊರರೂಪ ಪೋರ್ಷೆ ಸ್ಟುಡಿಯೋದ್ದು, ತಯಾರಿಸಿದ್ದು ಜಪಾನಿನ ಯಾಶಿಕಾ. ಇದನ್ನು ಜರ್ಮನಿಯ ಶರಣಾಗತಿ ಅನ್ನುವವರಿದ್ದಾರೆ. ನಾನು ಒಪ್ಪೋದಿಲ್ಲ. ಕಾಂಟಾರೆಕ್ಸ್ ಜೊತೆಗೇ ಮುಗಿದುಹೋಗಬಹುದಾಗಿದ್ದ ಝೈಸ್‌ನ ಫೋಟೋ ಲೆನ್ಸ್ ವಿದ್ಯೆಗೆ ಮತ್ತೊಂದು ಮೈ ಕೊಟ್ಟದ್ದು ಯಾಶಿಕಾ. ಹಿಟ್ಲರ್ ಕಾಲದ ಒಪ್ಪಂದಗಳೆಲ್ಲ ಈ ಎರಡು ದೇಶಗಳನ್ನು ತಂದು ನಿಲ್ಲಿಸಿದ್ದು ಬೂದಿಯಲ್ಲಿ. ಈ ವ್ಯಾಪಾರದ ನಂಟು ಮಾತ್ರ ಈಗಲೂ ಗಟ್ಟಿಯಾಗಿದೆ.

2018ರಲ್ಲಿ ಲೈಕಾ ತನ್ನ ಎಲ್ ಮೌಂಟನ್ನು (ಕ್ಯಾಮೆರಾಗೆ ಲೆನ್ಸ್ ಕೂರಿಸುವ ಬಳೆ) ಜಪಾನಿನ ಪ್ಯಾನಾಸಾನಿಕ್‌ಗೂ ಸಿಗ್ಮಾಗೂ ತೆರೆದಿಟ್ಟಿತು. ಈಗ ಈ ಮೌಂಟಿನ ಸಿಗ್ಮಾ ಲೆನ್ಸನ್ನು ಅಡಾಪ್ಟರ್ ಗೋಜಿಲ್ಲದೆ ಲೈಕಾ ಎಸ್‌ಎಲ್‌ಗೆ ತಿರುಗಿಸಿ ಕೂರಿಸಬಹುದು. ಲೈಕಾದ ಬೆಲೆಯಲ್ಲಿ ಮಾತ್ರ ಜಪಾನಿನ ಗಾಳಿ ಕಿಂಚಿತ್ತೂ ಸೋಕಿಲ್ಲ!